ಹನ್ನೊಂದು ಜನ

ಬಿಸಿನೀರಲ್ಲಿ ಬೆಂದ ಬೆರಳು;
ಫೋನು ಗುರುತೇ ಹಿಡಿಯಲಿಲ್ಲ ಶಮೀಮ್‌ತಾಜಳನ್ನು.
ಸೆರಗಲ್ಲಿ ಒರೆಸಿ, ಊದಿ, ಮತ್ತೆ ಒತ್ತಿದಳು.

ಗುಂಪಿಗೊಂದು ಹೆಸರು ಕೊಡಿ, ಅಂತು.
‘ಶಿಡ್ಲಘಟ್ಟ ಬಿಚ್ಚಾಣಿಕೆ’ ಎಂದು ಬರೆದು, ಅಳಿಸಿ,
‘ಎಳೆ’ ಅಂದಳು.

ಒಬ್ಬೊಬ್ಬರನ್ನೇ ಸೇರಿಸುವುದೂ
ಗೂಡಿನ ತುದಿ ಹುಡುಕಿದ ಹಾಗೇ:
ಮುನಿರತ್ನಮ್ಮನದು ಮಗನ ನಂಬರು,
ಜಬೀನಾಳದು ಒಂಬತ್ತರ ಮೇಲೆ ಗಂಡನ ಜೇಬಿನಲ್ಲಿ.
ಪಾಪಕ್ಕ ಓದಲಾರಳು.
ಇದ್ದೀಯೇನೇ ಅಂದರೆ
ರಾಟೆಯ ಸದ್ದನ್ನೇ ಕಳಿಸಿದಳು, ಅರ್ಧ ನಿಮಿಷ,
ಕೊನೆಗೊಂದು ಕೆಮ್ಮು.

ಹನ್ನೊಂದು ಜನ.
ನಿನ್ನೆವರೆಗೆ ಗೋಡೆಯಾಚೆ ಗೋಡೆ,
ಒಂದೇ ಹೊಗೆ.

ನಡುರಾತ್ರಿ ಯಾರೋ ಕೇಳಿದರು:
“ನಮಗೆ ದಿನಕ್ಕೆ ಮುನ್ನೂರು. ನಿಮಗೆ?”

ಗೀಟು ಎರಡೂ ನೀಲಿಯಾದವು.
ಅಂದರೆ ಒಬ್ಬಳೂ ಮಲಗಿಲ್ಲ.

ಮುನಿರತ್ನಮ್ಮ ಬರೆಯುತ್ತಿದ್ದಾಳೆ...
ನಿಲ್ಲಿಸಿದಳು.
ಬರೆಯುತ್ತಿದ್ದಾಳೆ.