ಏಳು ಪುಟದ ದುಡ್ಡು

ಗ್ರೀನ್ ಸ್ಟ್ರೀಟಿನ ನನ್ನ ಬೂತಿಗೆ
ಮುಕ್ತಾ ಮಾಜಾಳಿಕರ ಬರುತ್ತಿದ್ದದ್ದು ರಾತ್ರಿ ಹನ್ನೊಂದರ ಮೇಲೆ,
ಎಸ್‌ಟಿಡಿ ದರ ಕಾಲು ಭಾಗಕ್ಕೆ ಇಳಿದಾಗ.

ಹಗಲು ನಗರಸಭೆಯಲ್ಲಿ ಜನನ ಮರಣದ ಕೌಂಟರು.
ಕೋಡಿಬಾಗದಲ್ಲಿ ಹುಟ್ಟಿದ್ದಕ್ಕೆ, ಸುಂಕೇರಿಯಲ್ಲಿ ಸತ್ತದ್ದಕ್ಕೆ
ಒಂದೇ ನೀಲಿ ಮಸಿ, ಒಂದೇ ಠಸ್ಸೆ.
ರಾತ್ರಿ ಬೆಂಗಳೂರಿನ ಧಾರಾವಾಹಿಗೆ ಏಳು ಪುಟ:
ಒಂದು ದೊಡ್ಡ ಮನೆ, ಮೂವರು ಸೊಸೆಯಂದಿರು,
ಒಲೆ ಮುಂದೆಯೂ ರೇಷ್ಮೆ.
"ಇವರು ಮೀನು ಯಾವಾಗ ತರ್ತಾರೆ?" ಕೇಳಿದ್ದೆ ಒಮ್ಮೆ.
"ಈ ಮನೇಲಿ ಯಾರೂ ಉಣ್ಣೋದಿಲ್ಲ ಮಾರಾಯಾ,
ಬರೀ ಬಡಿಸ್ತಾರೆ."

ಒಂಬತ್ತು ವರ್ಷ. ಹದಿನಾಲ್ಕು ಮದುವೆ, ಮುರಿದದ್ದು ಮೂರು.
ಎರಡು ಸಲ ಸತ್ತ ಒಬ್ಬ ಮಾವ.
ಹೆಸರು ಪರದೆ ಮೇಲೆ ಓಡುತ್ತಿತ್ತು,
ಎಕ್ಸ್‌ಪ್ರೆಸ್ ನಿಲ್ಲದ ಸಣ್ಣ ಸ್ಟೇಷನ್ನಿನ ಬೋರ್ಡಿನ ಹಾಗೆ.
ಅದೂ ಮುಕ್ತಾ ಮಂಜಾಲ್ಕರ್ ಎಂದು.
ತಿದ್ದಿಸಿ ಅಂದರೆ,
"ಓದುವಷ್ಟು ಹೊತ್ತು ಎಲ್ಲಿ ನಿಲ್ತದೆ ಬಿಡು."

ಅಲ್ಲಿಂದ ಬರುವ ಫ್ಯಾಕ್ಸು ಒಂದೆರಡೇ ಸಾಲು:
ಹಿರೀ ಸೊಸೆಗೆ ಬೇರೆ ಚಾನೆಲ್ ಸಿಕ್ಕಿದೆ.
ಸೋಮವಾರದೊಳಗೆ ಮುಗಿಸಿ.
ನನ್ನ ಸ್ಟೂಲಿನ ಮೇಲೆ ಕೂತೇ ಮುಗಿಸುತ್ತಿದ್ದಳು,
ಫ್ಯಾನಿನ ಗಾಳಿಗೆ ಹಾಳೆ ಹಾರದಂತೆ ಮೊಣಕೈ ಊರಿ.
ಅದು ಟೀವಿಯಲ್ಲಿ ಬಂದ ಮರುದಿನ ಶೇವಂತಿ ತಾಂಡೇಲ
ಬಾಂಗ್ಡೆ ಬುಟ್ಟಿ ಸಮೇತ ಕೌಂಟರಿಗೇ ಹೋಗಿ ಬೈದಳಂತೆ:
"ಆ ಹುಡುಗಿ ನಿನಗೇನು ಮಾಡಿತ್ತೇ?"
ಸರದಿಯಲ್ಲಿ ನಿಜದ ಸಾವು ಬರೆಸಲು ನಿಂತವರೂ
ಹೌದು ಹೌದು ಅಂದರಂತೆ.

ಇಷ್ಟೆಲ್ಲ ಹೇಳಿದ್ದು ಒಂದು ಪುಟಕ್ಕಾಗಿ.

ಆ ರಾತ್ರಿ ಆಕೆ ಹಾಳೆ ಕೊಟ್ಟು, ದುಡ್ಡು ಕೊಟ್ಟು ಹೊರಟಾಗಿತ್ತು.
ಆರನೆಯದು ಒಳಗೆ ಹೋಗುವಾಗ ಕರೆಂಟು ಹೋಯಿತು.
ಬಂದ ಮೇಲೆ ಏಳನೆಯದನ್ನು ಕಳಿಸಿ ಶಟರ್ ಎಳೆದೆ.
ನಿದ್ದೆ ಬಂದಿತ್ತು, ಅಷ್ಟೇ.
ಯಂತ್ರದ ಹಿಂದೆ ಬಿದ್ದಿದ್ದ ಹಾಳೆ ಸಿಕ್ಕಿದ್ದು ವಾರದ ಮೇಲೆ.

ಅದರಲ್ಲಿ ಮಾತೇ ಇರಲಿಲ್ಲ.
ಅತ್ತೆ, ಕಿರೀ ಸೊಸೆ, ತಾರಸಿ, ಒಣಗಿದ ಒಂದು ಚಾದರ.
ಈ ತುದಿ ಅವಳ ಕೈಲಿ, ಆ ತುದಿ ಇವಳ ಕೈಲಿ.
ಹತ್ತಿರ ಬರುತ್ತಾರೆ, ತುದಿ ಕೂಡಿಸುತ್ತಾರೆ,
ದೂರ ಸರಿಯುತ್ತಾರೆ, ಮತ್ತೆ ಬರುತ್ತಾರೆ,
ಪ್ರತಿ ಸಲ ಚಾದರ ಅರ್ಧ ಆಗಿ.
ಅಂಚಿನಲ್ಲಿ ಬರೆದಿದ್ದಳು:
ಸಂಗೀತ ಬೇಡ. ದಯವಿಟ್ಟು.

ಟೀವಿಯಲ್ಲಿ ಆ ಇಬ್ಬರೂ ಕೊನೆತನಕ ಮಾತು ಬಿಟ್ಟೇ ಇದ್ದರು.
ನಾನು ಹೇಳಲಿಲ್ಲ. ಆಕೆ ಕೇಳಲಿಲ್ಲ.
ಅವರೇ ಕತ್ತರಿಸಿದರೆಂದು ತಿಳಿದಿರಬೇಕು,
ರೂಢಿಯಾಗಿತ್ತಲ್ಲ.

ಬೆಂಗಳೂರಿನ ಫ್ಯಾಕ್ಸುಗಳೆಲ್ಲ ಮಾಸಿ ಬಿಳಿಯಾಗಿವೆ,
ಯಾರನ್ನು, ಯಾವ ಸೋಮವಾರ, ಈಗ ತಿಳಿಯದು.
ಆರನೇ ಪುಟ ಬಾಲ್‌ಪೆನ್ನಿನದು. ಬಿಸ್ಕೀಟಿನ ಡಬ್ಬಿಯಲ್ಲಿದೆ.
ಮೊನ್ನೆ ಹೆಂಡತಿ ಚಾದರದ ಒಂದು ತುದಿ ಕೊಟ್ಟು
ಹಿಡಿ ಅಂದಳು. ಹಿಡಿದು ನಿಂತುಬಿಟ್ಟೆ.
"ಏನು ನೋಡ್ತೀ," ಅಂದಳು, "ಹತ್ತಿರ ಬಾ."