ಕಾಲರಿನ ಒಳಗೆ ಮೂರು ಚುಕ್ಕಿ

ಸಂಪಂಗಿರಾಮನಗರದ ಲಾಡ್ಜಿನಿಂದ ಗಂಟು ಬಂದಾಗ
ರಾತ್ರಿ ಹತ್ತು ದಾಟಿತ್ತು.
ಬಿಚ್ಚಿದರೆ ಹದಿನೆಂಟು ನೀಲಿ ಅಂಗಿ, ಹದಿನೆಂಟು ಚಡ್ಡಿ,
ಮೂವತ್ತೈದು ಕಾಲುಚೀಲ.
ಒಂದು ಕಡಿಮೆ ಇದೆ, ಅಂದೆ.
ಇರೋದೇ ಅಷ್ಟು, ಅಂದ ಗಂಟಿನವನು ಕೈಸನ್ನೆಯಲ್ಲಿ.
ಬಸ್ಸು ಗೊತ್ತುಮಾಡುವವನು ಅವನೇ, ಕಾಲಿಗೆ ಎಣ್ಣೆ ತಿಕ್ಕುವವನು ಅವನೇ,
ಗೋಲಿಗೆ ಏನಾದರೂ ಆದರೆ ಗ್ಲೌಸು ತೊಟ್ಟು ನಿಲ್ಲುವವನೂ ಅವನೇ.
ಸಣ್ಣ ದೇಶ.

ಎಷ್ಟು ಸಣ್ಣದು ಅಂತ ಯೋಗಾನಂದ ಫೋನಿನಲ್ಲಿ ತೆಗೆದು ತೋರಿಸಿದ.
ನೀಲಿಯ ಮೇಲೆ ನೊಣದ ಹಿಕ್ಕೆ.
ಎರಡು ಬೆರಳಿಂದ ಹಿಗ್ಗಿಸಿ ಹಿಗ್ಗಿಸಿ ಸಾಕಾದ ಮೇಲೆ
ಒಂದು ತೆಂಗಿನ ಸಾಲು, ಒಂದು ವಿಮಾನ ಇಳಿಯುವ ಓಣಿ.
ಗುಟ್ಟಹಳ್ಳಿ, ವಯ್ಯಾಲಿಕಾವಲ್ ಸೇರಿ ಒಂದು ಟೀಮು ಕಟ್ಟಿ
ಪ್ರಪಂಚದ ಮೇಲೆ ಬಿಟ್ಟ ಹಾಗೆ.

ಒಗೆಯುವ ಮುಂಚೆ ಗುರುತು ಹಾಕಬೇಕು.
ಮಿಷಿನ್ನು ಬಂದರೂ ನಾನು ಬಿಟ್ಟಿಲ್ಲ, ಅಪ್ಪ ಕಲಿಸಿದ್ದು:
ಕರಿಗೇರಿನ ಕಾಯಿಗೆ ಸೂಜಿ ಚುಚ್ಚಿ, ಕಾಲರಿನ ಒಳಗೆ ತಾಗಿಸಬೇಕು.
ಅಡ್ಡಗೀಟು ಅಂದರೆ ಡಾಕ್ಟರ ಮನೆ,
ಕೊಂಡಿ ಅಂದರೆ ಕಾನ್ವೆಂಟಿನ ಪರದೆ,
ಗೀಟಿನ ಮೇಲೊಂದು ಚುಕ್ಕಿ, ಪೊಲೀಸ್ ಕ್ವಾರ್ಟರ್ಸು.
ಒಂದು ದೇಶಕ್ಕೆ ಏನು ಹಾಕೋದು?
ಬಾವುಟ ಇದೆ ಅವರಿಗೆ, ಹಾಡು ಇದೆ,
ಅಗಸರ ಗುರುತು ಇರಲಿಲ್ಲ.
ಮೂರು ಚುಕ್ಕಿ ಇಟ್ಟೆ, ಒಲೆಗುಂಡಿನ ಹಾಗೆ.

ಮೊದಲ ಪಂದ್ಯ ನಾನು ನೋಡಲಿಲ್ಲ, ಓದಿದೆ:
ಒಂದನೆ ನಂಬರಿನ ಎಡ ಮಗ್ಗುಲೆಲ್ಲ ಹುಲ್ಲಿನ ಹಸಿರು,
ಪಾಪ, ಎಡಕ್ಕೇ ಬಿದ್ದಿದ್ದಾನೆ, ಮತ್ತೆ ಮತ್ತೆ ಎಡಕ್ಕೆ.
ನಾಲ್ಕರ ಬೆನ್ನಲ್ಲಿ ಯಾರೋ ಹಿಡಿದೆಳೆದ ಮುಷ್ಟಿಯ ಸುಕ್ಕು.
ಹದಿನಾಲ್ಕರದ್ದು ಮಾತ್ರ ಮಡಿಕೆಯೂ ಬಿಚ್ಚಿರಲಿಲ್ಲ.
ಆಡಿಸಿಲ್ಲ ಹುಡುಗನನ್ನ.
ಆದರೂ ಒಗೆದೆ.

ಎರಡನೆಯದಕ್ಕೆ ಪಾಸು ಕೊಟ್ಟರು.
ರೇಷ್ಮೆ ಸೀರೆ ಉಟ್ಟು ಹೋದೆ ಕಂಠೀರವಕ್ಕೆ,
ಗಿರಾಕಿಯದಲ್ಲ, ನನ್ನದೇ.
ಇದು ಕೆರೆ. ಅಂದರೆ ಕೆರೆಯಾಗಿತ್ತು, ಸಂಪಂಗಿ ಕೆರೆ.
ನಮ್ಮಜ್ಜಿಯ ಅಜ್ಜಿ ಬಟ್ಟೆ ಬಡಿದ ಕಲ್ಲು
ಗೋಲ್‌ಕಂಬದ ಬುಡದಲ್ಲೆಲ್ಲೋ ಇರಬೇಕು ಅಂತ ನಮ್ಮನೆ ಮಾತು.
ಗಂಟಿನವನಿಗೆ ಇದನ್ನು ಹೇಳಿದ್ದೆ, ಯೋಗಾನಂದನ ಇಂಗ್ಲಿಷಿನಲ್ಲಿ.
ಅವನು ತುಂಬ ಹೊತ್ತು ಸುಮ್ಮನಿದ್ದು
ಅಂಗೈಯನ್ನು ನೆಲದಿಂದ ಮೊಣಕಾಲಿನವರೆಗೆ ಎತ್ತಿ ತೋರಿಸಿದ:
ನಮ್ಮ ಮೈದಾನದಲ್ಲಿ ಹುಣ್ಣಿಮೆಗೆ ಇಷ್ಟು.

ಆರು ಹೊಡೆದರು ಎದುರಿನವರು.
ದೊಡ್ಡ ದೇಶ, ಎದೆ ತುಂಬ ಜಾಹೀರಾತು.
ಆರನೆಯದಕ್ಕೆ ಜನ ಎದ್ದು ಮೆಟ್ರೊ ಹಿಡಿಯಲು ಹೊರಟರು.
ಎಂಬತ್ತನೆ ನಿಮಿಷಕ್ಕೆ ಹದಿನಾಲ್ಕು ಒಳಗೆ ಬಂದ.
ನಾನು ಹಾಕಿದ ಇಸ್ತ್ರಿಯ ಗೆರೆ ಇನ್ನೂ ತೋಳಿನ ಮೇಲಿತ್ತು.
ಮೂರೇ ಸಲ ಮುಟ್ಟಿದ ಚೆಂಡನ್ನು. ಒಂದು ತಪ್ಪಿತು. ಒಂದು ಕಸಿದರು.
ಮೂರನೆಯದು ಯಾರದೋ ಮಂಡಿಗೆ ಬಡಿದು, ನಾಚಿಕೊಂಡು, ಉರುಳಿ,
ಗೆರೆ ದಾಟಿತು.
ನನ್ನ ಹಿಂದೆ ಗೌತಮಪುರದ ನಾಲ್ಕು ಮುದುಕರು ಎದ್ದು ನಿಂತು
ಸೀಟಿ ಹೊಡೆದರು.
ಗೆದ್ದವರಿಗೆ ಹೊಡೆದಿರಲಿಲ್ಲ ಅಂಥದ್ದು.

ಆ ರಾತ್ರಿಯ ಗಂಟಿನಲ್ಲಿ ಹದಿನೇಳೇ ನೀಲಿ.
ಇನ್ನೊಂದು ಕೆಂಪು, ನುಣುಪು, ದೊಡ್ಡ ದೇಶದ್ದು.
ಬದಲಿಸಿಕೊಂಡನಂತೆ ಹುಡುಗ. ಬೈಸಿಕೊಂಡನಂತೆ:
ಇರೋದು ಒಂದೇ ಸೆಟ್ಟು, ನಾಳಿದ್ದು ಏನು ತೊಡ್ತೀಯ?
ಗಂಟಿನವನು ತನ್ನ ಇಪ್ಪತ್ತಮೂರನ್ನು ಮುಂದೆ ಹಿಡಿದ,
ಬಿಳಿ ಟೇಪಿನಲ್ಲಿ ಅದು ಆಗಲೇ ಹದಿನಾಲ್ಕಾಗಿತ್ತು.
ಟೇಪು ನೆನೆಸಬೇಡಿ, ಅಂದ.
ಕೆಂಪನ್ನು ಬೇರೆ ಬಕೀಟಿಗೆ ಹಾಕಿದೆ, ಬಣ್ಣ ಬಿಟ್ಟೀತು ಅಂತ.

ಎಲ್ಲೋ ಒಂದು ದೊಡ್ಡ ಮನೆಯ ಮಿಷಿನ್ನು ಈಗ
ಆ ನೀಲಿ ಅಂಗಿಯನ್ನು ತಿರುಗಿಸುತ್ತಿರಬಹುದು.
ತಿರುಗಿಸಲಿ.
ನೀಲಿ ಮಾಸುತ್ತೆ, ನಂಬರು ಸಿಪ್ಪೆ ಏಳುತ್ತೆ,
ಕರಿಗೇರಿನ ಚುಕ್ಕಿ ಮಾತ್ರ
ಅಂಗಿ ಒರೆಸೋ ಬಟ್ಟೆಯಾದ ಮೇಲೂ ಇರುತ್ತೆ.

ಮೂರನೆ ಪಂದ್ಯ ಮುಗಿದು ಒಂದು ಗಂಟೆಯಾಯಿತು.
ಏನಾಯಿತು ಅಂತ ನನ್ನ ಕೇಳಬೇಡಿ.
ನೀರು ಕಾಯಿಸಿಕೊಂಡು ಕೂತಿದ್ದೇನೆ,
ಗಂಟು ಇನ್ನೂ ಬಂದಿಲ್ಲ.