ಹೆಸರು ಬಿಟ್ಟು

ಹೆಸರು ಹೊಡೆದು ಹಾಕಿದವನು ನಾನೇ.
ಕೆಂಪು ಪೆನ್ಸಿಲ್ಲಿನಲ್ಲಿ, ಎರಡೆರಡು ಸಲ,
ಅಡಿಯ ಹಾಳೆಗೂ ಗೀರು ಬೀಳುವ ಹಾಗೆ.
ಸಂಪಾದಕ ಅಮಿರಾನ್ ತಲೆದೂಗಿದ: ಕಾನೂನು ಪ್ರಕಾರ ಸರಿ.
ಕಿಟಕಿಯಾಚೆ ರಿಯೋನಿ ಹೊಳೆ
ಬೆಟ್ಟದ ಹಿಮ ಕರಗಿಸಿಕೊಂಡು ಕೆಂಪಗೆ ಹರಿಯುತ್ತಿತ್ತು.
ಆ ರಾತ್ರಿ ನನಗೆ ಒಳ್ಳೆಯ ನಿದ್ದೆ.

ಉಳಿದದ್ದು ಇಷ್ಟು:
ಸಂಗೀತ ಶಾಲೆಯಲ್ಲಿ ಪಿಯಾನೋ ಕಲಿಸುವ ಹೆಂಗಸಿನ ಹಿರಿಮಗಳು.
ವಯಸ್ಸು ಇಪ್ಪತ್ತಮೂರು.
ರೊಟ್ಟಿ ಭಟ್ಟಿಯ ಹಿಂದಿನ ಓಣಿ. ನೀಲಿ ಗೇಟು.
ಅಂದು ತೊಟ್ಟದ್ದು ಹಸಿರು ಕೋಟು.
ಇದರಲ್ಲಿ ಯಾವುದೂ ಹೆಸರಲ್ಲ.
ವಕೀಲರಿಗೆ ತೋರಿಸಿ, ಅವರೂ ಅಲ್ಲವೆನ್ನುತ್ತಾರೆ.

ಬೆಳಿಗ್ಗೆ ರೊಟ್ಟಿಯ ಸಾಲು.
ಜುಂಬೇರ್ ಸೊಂಟದವರೆಗೂ ಭಟ್ಟಿಯೊಳಗೆ ಬಗ್ಗಿ
ಕಾದ ಮಣ್ಣಿನ ಗೋಡೆಗೆ ದೋಣಿಯಂಥ ಹಿಟ್ಟು ಬಡಿಯುತ್ತಿದ್ದ.
ನನ್ನ ಮುಂದಿದ್ದ ಮುದುಕಿ ಪತ್ರಿಕೆ ಮಡಿಸಿ ಕಂಕುಳಿಗೆ ಸೇರಿಸಿ
ಒಗಟು ಹೇಳುವವಳ ಹಾಗೆ ಬೆರಳು ಮಡಚಿದಳು:
ಮನೆಯೊಳಗೆ ಪಿಯಾನೋ,
ಮನೆಯೆದುರು ನೀಲಿ,
ಮೈಮೇಲೆ ಹಸಿರು.
ಹೇಳಿ ನೋಡೋಣ, ಯಾರು?
ಮೂರನೇ ಬೆರಳು ಮಡಚುವಷ್ಟರಲ್ಲಿ
ಸಾಲಿನ ಕೊನೆಯಿಂದ ಉತ್ತರ ಬಂತು.
ರೊಟ್ಟಿ ಇನ್ನೂ ಬೆಂದಿರಲಿಲ್ಲ.

ಹೆಸರಿನ ಜಾಗ ಮಾತ್ರ ಖಾಲಿ ಬಿಟ್ಟು
ಸುತ್ತ ಚುಕ್ಕಿ ಇಟ್ಟು ಕೊಟ್ಟವರು ನಾವು.
ಗೆರೆ ಎಳೆಯುವುದಕ್ಕೆ ಊರಿಗೆಷ್ಟು ಹೊತ್ತು?

ಅವನ ಬಗ್ಗೆ ಬರೆದದ್ದೂ ನೆನಪಿದೆ:
ಕುಸ್ತಿಯಲ್ಲಿ ಎರಡು ಬೆಳ್ಳಿ ಪದಕ, ಉಜ್ವಲ ಭವಿಷ್ಯ.
ಉಜ್ವಲ ಅನ್ನುವಲ್ಲಿ ಒತ್ತಕ್ಷರ ತಪ್ಪಿತ್ತು,
ನಾನೇ ತಿದ್ದಿದೆ.
ಅವಳ ಭವಿಷ್ಯಕ್ಕೆ ಜಾಗ ಸಾಲಲಿಲ್ಲ,
ಪಕ್ಕದಲ್ಲಿ ಟ್ರ್ಯಾಕ್ಟರ್ ಜಾಹೀರಾತು.

ಮಧ್ಯಾಹ್ನ ರಾಜಧಾನಿಯಿಂದ ಟಿವಿ ವ್ಯಾನು ಬಂತು.
ಮುಖ ಮಬ್ಬು ಮಾಡುತ್ತೇವೆ ಎಂದರು. ಮಾಡಿದರು.
ಮುಖ ಗಂಜಿಯ ಹಾಗೆ ಕದಡಿಹೋಗಿ
ಗೇಟಿನ ಚಿಲಕದ ತುಕ್ಕು ಕೂಡ ಸ್ಪಷ್ಟ.

ಮೂರನೇ ದಿನ ಆ ತಾಯಿ
ಗೇಟಿಗೆ ಕಂದು ಬಣ್ಣ ಬಳಿಯುತ್ತಿದ್ದಳು.
ಒಂದೇ ಕೈ ಬಳಿದಿದ್ದು. ಸಂದಿನಲ್ಲೆಲ್ಲ ನೀಲಿ.
ತಲೆ ತಗ್ಗಿಸಿ ದಾಟಿಹೋಗಬೇಕೆಂದಿದ್ದೆ,
ಬ್ರಷ್ಷು ಇಳಿಸದೆಯೇ ಕೇಳಿದಳು,
ಪಾಠ ಒಪ್ಪಿಸದ ಹುಡುಗನನ್ನು ಕೇಳುವ ದನಿಯಲ್ಲಿ:
"ಕೋಟಿನ ಬಣ್ಣ ಯಾಕೆ ಬೇಕಿತ್ತು?"

ವಾಕ್ಯ ಚೆನ್ನಾಗಿ ಕೂತಿತ್ತು, ಅದಕ್ಕೆ.
ಬೇರೆ ಕಾರಣ ಹುಡುಕಿದೆ. ಇವತ್ತಿಗೂ ಸಿಕ್ಕಿಲ್ಲ.
ಅವಳ ಕೈಯಿಂದ ಕಂದು ಹನಿಯೊಂದು
ನನ್ನ ಬೂಟಿನ ಮೇಲೆ ಬಿತ್ತು.
ಒರೆಸಿಕೊಳ್ಳಲಿಲ್ಲ. ಅದೇನು ದೊಡ್ಡಸ್ತಿಕೆಯಲ್ಲ.

ಇದನ್ನು ಬರೆದು ಮುಗಿಸಿ
ಮತ್ತೆ ಪೆನ್ಸಿಲ್ ಹಿಡಿದಿದ್ದೇನೆ.
ಓದುವವರೇ, ಆ ಹೊಳೆ ರಿಯೋನಿಯಲ್ಲ.
ತಾಯಿ ಕಲಿಸುವುದು ಪಿಯಾನೋ ಅಲ್ಲ, ಸಂಗೀತವೇ ಅಲ್ಲ.
ನೀಲಿ ಎಂದದ್ದು ನೀಲಿಯಲ್ಲ, ಗೇಟೂ ಅಲ್ಲದಿರಬಹುದು.
ವಯಸ್ಸು ಬೇರೆ. ಅಮಿರಾನ್, ಜುಂಬೇರ್
ಯಾರದೋ ಮದುವೆ ಪಟ್ಟಿಯಿಂದ ಎತ್ತಿಕೊಂಡ ಹೆಸರುಗಳು.
ಕೋಟು ಹೊಡೆದು ಹಾಕಿದ್ದೇನೆ.
ಮೇಲೆ ಹೋಗಿ ನೋಡಿದರೆ ಇನ್ನೂ ಇದೆ ಎನ್ನುತ್ತೀರಿ,
ಇರಲಿ, ಅದು ಯಾರೂ ತೊಡದ ಕೋಟು.
ರೊಟ್ಟಿ ಮಾತ್ರ ನಿಜ. ರೊಟ್ಟಿಗೆ ಸಾಲು ನಿಲ್ಲದ ಊರು ಯಾವುದು?

ಕೊನೆಗೆ, ತಪ್ಪೊಪ್ಪಿಗೆಯಲ್ಲವೇ ಎಂದು
ಕೆಳಗೆ ನನ್ನ ಹೆಸರು ಬರೆದಿದ್ದೆ,
ವಿಳಾಸ, ಕೆಲಸಕ್ಕೆ ಸೇರಿದ ವರ್ಷ ಸಮೇತ.
ಬರೆದಾಗ ಎದೆ ಹಗುರಾಗಿತ್ತು.
ಆಮೇಲೆ ನೋಡಿದೆ: ನನ್ನ ಹೆಸರು ಹಿಡಿದರೆ ಪತ್ರಿಕೆ,
ಪತ್ರಿಕೆ ಹಿಡಿದರೆ ಊರು, ಊರು ಹಿಡಿದರೆ ಓಣಿ,
ಓಣಿಯಲ್ಲಿ ಹೊಸ ಬಣ್ಣ ಒಂದಕ್ಕೇ.

ಕೆಂಪು ಪೆನ್ಸಿಲ್. ಎರಡೆರಡು ಸಲ.
ಈ ಸಲ ನಿದ್ದೆ ಬಂದಿಲ್ಲ.